ಮಾಲ್ಗುಡಿಯ ಸ್ವಾಮಿ ಆಮೇಲೆ ಏನಾದ? ಮಾಸ್ಟರ್ ಮಂಜುನಾಥ್ ಬಗ್ಗೆ ಪದೇ ಪದೇ ಕೇಳುವ ಪ್ರಶ್ನೆಗಳು

'ಮಾಲ್ಗುಡಿ ಡೇಸ್' ಚಿತ್ರೀಕರಣವಾದ ಆಗುಂಬೆಗೆ ಹೋಗಿ ಬಂದವರು ಮಳೆ ಬಗ್ಗೆ ಹೇಳ್ತಾರೆ, ಸೂರ್ಯಾಸ್ತದ ಬಗ್ಗೆ ಹೇಳ್ತಾರೆ, ಆಮೇಲೆ ತಪ್ಪದೇ ಒಂದು ಮಾತು ಕೇಳ್ತಾರೆ: "ಆ ಹುಡುಗ ಈಗ ಎಲ್ಲಿದ್ದಾನೆ?" ಆ ಹುಡುಗನಿಗೆ ಈಗ ಐವತ್ತರ ಹತ್ತಿರ. ಪಾತ್ರ ಮನೆಮಾತಾಗಿದೆ, ನಟ ಮರೆತುಹೋಗಿದ್ದಾನೆ. ಕೇಳಿದವರಿಗೆಲ್ಲ ಬಿಡಿಬಿಡಿಯಾಗಿ ಉತ್ತರ ಹೇಳಿ ಸಾಕಾಗಿ, ಎಲ್ಲವನ್ನೂ ಒಂದೇ ಕಡೆ ಬರೆದಿಡುತ್ತಿದ್ದೇನೆ.

ಮಾಸ್ಟರ್ ಮಂಜುನಾಥ್ ಅಂದ್ರೆ ಯಾರು?

ದೂರದರ್ಶನದ 'ಮಾಲ್ಗುಡಿ ಡೇಸ್' ಧಾರಾವಾಹಿಯಲ್ಲಿ ಸ್ವಾಮಿಯಾಗಿ ನಟಿಸಿದ ಹುಡುಗ. ಹುಟ್ಟಿದ್ದು 1976ರ ಡಿಸೆಂಬರ್‌ನಲ್ಲಿ. ಮೂರನೇ ವಯಸ್ಸಿಗೇ ಕ್ಯಾಮೆರಾ ಮುಂದೆ ನಿಂತರು. ಹತ್ತೊಂಬತ್ತಕ್ಕೆ ನಟನೆ ಬಿಟ್ಟರು. ಬೇರೆಯವರು ಅವಕಾಶಕ್ಕಾಗಿ ಗಾಂಧಿನಗರ ಸುತ್ತಲು ಶುರುಮಾಡುವ ವಯಸ್ಸಿನಲ್ಲಿ ಇವರ ಹದಿನಾರು ವರ್ಷದ ವೃತ್ತಿಜೀವನವೇ ಮುಗಿದಿತ್ತು.

'ಮಾಸ್ಟರ್' ಅಂದ್ರೆ ಮೇಷ್ಟ್ರಾ?

ಅಲ್ಲ. ಟೈಟಲ್ ಕಾರ್ಡಿನಲ್ಲಿ ಹುಡುಗರಿಗೆ 'ಮಾಸ್ಟರ್', ಹುಡುಗಿಯರಿಗೆ 'ಬೇಬಿ' ಅಂತ ಹಾಕುವುದು ನಮ್ಮ ಸಿನಿಮಾದ ಹಳೇ ರೂಢಿ. ಪುನೀತ್ ರಾಜ್‌ಕುಮಾರ್ ಕೂಡ ಒಂದು ಕಾಲಕ್ಕೆ ಮಾಸ್ಟರ್ ಲೋಹಿತ್. ಮುಂದೆ ನಟನೆಯಲ್ಲೇ ಉಳಿದವರಿಗೆ ಆ 'ಮಾಸ್ಟರ್' ಸಾಮಾನ್ಯವಾಗಿ ಉದುರಿಹೋಗುತ್ತದೆ. ಮಂಜುನಾಥ್ ದೊಡ್ಡವರಾಗಿ ನಟಿಸಲೇ ಇಲ್ಲ. ಹಾಗಾಗಿ ಈ ವಯಸ್ಸಿನಲ್ಲೂ ಜನರ ಬಾಯಲ್ಲಿ ಅವರು ಮಾಸ್ಟರ್ ಮಂಜುನಾಥೇ.

ಮಾಲ್ಗುಡಿ ಡೇಸ್ ಕನ್ನಡ ಧಾರಾವಾಹಿ ಅಲ್ವಾ?

ತುಂಬಾ ಜನ ಹಾಗೇ ಅಂದುಕೊಂಡಿದ್ದಾರೆ. ಅದು ತಯಾರಾಗಿದ್ದು ಹಿಂದಿಯಲ್ಲಿ. ಮೊದಲ 13 ಕಂತುಗಳು ಇಂಗ್ಲಿಷಿನಲ್ಲೂ ಬಂದವು. ಆದರೆ ತಂಡ ಪೂರ್ತಿ ನಮ್ಮವರೇ ಅನ್ನುವಂತಿತ್ತು. ನಿರ್ದೇಶನ ಶಂಕರ್ ನಾಗ್, ಅವರ ಬೆನ್ನಿಗೆ ರಮೇಶ್ ಭಟ್, ಕ್ಯಾಮೆರಾ ಎಸ್. ರಾಮಚಂದ್ರ, ಕಲೆ ಜಾನ್ ದೇವರಾಜ್, ನಿರ್ಮಾಣ ಟಿ.ಎಸ್. ನರಸಿಂಹನ್. ಸ್ವಾಮಿಯ ಅಪ್ಪನಾಗಿ ಗಿರೀಶ್ ಕಾರ್ನಾಡ್, ಅಮ್ಮನಾಗಿ ವೈಶಾಲಿ ಕಾಸರವಳ್ಳಿ. ಬೇರೆ ಕಥೆಗಳಲ್ಲಿ ಅನಂತ್ ನಾಗ್, ವಿಷ್ಣುವರ್ಧನ್ ಕೂಡ ಇದ್ದಾರೆ. ಆ "ತಾನ ನಾ ನಾ" ರಾಗ ಮಾತ್ರ ಎಲ್. ವೈದ್ಯನಾಥನ್ ಅವರದು. ಶೀರ್ಷಿಕೆಯ ಗೆರೆಚಿತ್ರಗಳು ಕಥೆಗಾರ ಆರ್.ಕೆ. ನಾರಾಯಣ್ ಅವರ ತಮ್ಮ ಆರ್.ಕೆ. ಲಕ್ಷ್ಮಣ್ ಬರೆದವು.

ಇಷ್ಟೆಲ್ಲ ಕನ್ನಡದ ಮುಖಗಳು ಹಿಂದಿ ಮಾತಾಡುತ್ತಿದ್ದವು. ನಾವು ಅರ್ಥವಾದಷ್ಟು ಅರ್ಥ ಮಾಡಿಕೊಂಡು ನೋಡಿದೆವು. ನಮ್ಮ ಮನೆಯಲ್ಲಿ ಹಿಂದಿ ಬರುತ್ತಿದ್ದುದು ಒಬ್ಬರಿಗೆ ಮಾತ್ರ. ಅವರು ಅನುವಾದ ಮಾಡಿ ಹೇಳುವಷ್ಟರಲ್ಲಿ ಮುಂದಿನ ದೃಶ್ಯ ಬಂದುಬಿಡುತ್ತಿತ್ತು. ಸ್ವಾಮಿಯ ಕಂತುಗಳಿಗೆ ಮಾತ್ರ ಅನುವಾದ ಬೇಕಾಗುತ್ತಿರಲಿಲ್ಲ. ಅಪ್ಪನಿಗೆ ಹೆದರುವುದಕ್ಕೆ ಯಾವ ಭಾಷೆ?

ಕನ್ನಡಕ್ಕೆ ಡಬ್ ಆಗಿ ಟಿವಿಯಲ್ಲಿ ಬಂದಿದ್ದು 2020ರಲ್ಲಿ, ಲಾಕ್‌ಡೌನ್ ಸಮಯದಲ್ಲಿ. ಮೂವತ್ತಕ್ಕೂ ಜಾಸ್ತಿ ವರ್ಷ ಆದಮೇಲೆ!

ಶಂಕರ್ ನಾಗ್ ಎಷ್ಟು ಕಂತು ಮಾಡಿದ್ದರು?

39. ಆಮೇಲೆ 2004ರಲ್ಲಿ ಕವಿತಾ ಲಂಕೇಶ್ ನಿರ್ದೇಶನದಲ್ಲಿ ಯೋಜನೆ ಮತ್ತೆ ಶುರುವಾಗಿ ಇನ್ನೂ 15 ಕಂತು ಬಂದವು. ಜನರ ನೆನಪಲ್ಲಿ ಉಳಿದಿರುವುದು ಮೊದಲಿನವೇ.

ಚಿತ್ರೀಕರಣ ಆಗಿದ್ದು ಎಲ್ಲಿ? ಆ ರೈಲು ನಿಲ್ದಾಣ ಈಗಲೂ ಇದೆಯಾ?

ಹೆಚ್ಚಿನ ಭಾಗ ತೀರ್ಥಹಳ್ಳಿ ತಾಲೂಕಿನ ಆಗುಂಬೆಯಲ್ಲಿ. ಅಲ್ಲಿನ ದೊಡ್ಡಮನೆಯೇ ಸ್ವಾಮಿಯ ಮನೆ. ರೈಲು ನಿಲ್ದಾಣದ ದೃಶ್ಯಗಳು ಅರಸಾಳಿನಲ್ಲಿ, ಅದೂ ಶಿವಮೊಗ್ಗ ಜಿಲ್ಲೆಯೇ. ಆಗುಂಬೆಯಲ್ಲಿ ರೈಲೇ ಇಲ್ಲ, ಅಲ್ಲಿ ಹೋಗಿ ಸ್ಟೇಷನ್ ಹುಡುಕಬೇಡಿ. ಅರಸಾಳಿನ ಹಳೇ ನಿಲ್ದಾಣದ ಕಟ್ಟಡವನ್ನು ಜಾನ್ ದೇವರಾಜ್ ಅವರ ಕೈಯಲ್ಲೇ ಸರಿಪಡಿಸಿ, 2020ರಲ್ಲಿ ಮಾಲ್ಗುಡಿ ಮ್ಯೂಸಿಯಂ ಮಾಡಿದ್ದಾರೆ.

ಸ್ವಾಮಿಯ ಪಾತ್ರದಲ್ಲಿ ಅಂಥದ್ದೇನಿದೆ? ಮುದ್ದಾದ ಹುಡುಗ ಅಷ್ಟೇ ಅಲ್ವಾ?

ಇಲ್ಲಿ ನಾನು ಸ್ವಲ್ಪ ಜಗಳಕ್ಕೇ ನಿಲ್ಲುತ್ತೇನೆ. ಆ ಕಾಲದ ಬಾಲನಟರನ್ನು ನೆನಪು ಮಾಡಿಕೊಳ್ಳಿ. ದೊಡ್ಡವರ ಮಾತನ್ನು ಪಟಪಟ ಒಪ್ಪಿಸಬೇಕು, ಕಣ್ಣರಳಿಸಬೇಕು, ಕೊನೆಗೆ "ಅಮ್ಮಾ" ಅಂತ ಕಿರುಚಬೇಕು. ಮಂಜುನಾಥ್ ಇದ್ಯಾವುದನ್ನೂ ಮಾಡಲಿಲ್ಲ. ಸ್ವಾಮಿ ಮುದ್ದಾಗಿರಲು ಪ್ರಯತ್ನವನ್ನೇ ಪಡುವುದಿಲ್ಲ. ಅವನು ಸುಳ್ಳು ಹೇಳುತ್ತಾನೆ, ಅಜ್ಜಿಯ ಹತ್ತಿರ ಸಿಡುಕುತ್ತಾನೆ, ಗೆಳೆಯ ರಾಜಂ ಮುಂದೆ ಜಂಬ ಕೊಚ್ಚುತ್ತಾನೆ, ಅಪ್ಪನ ಹೆಜ್ಜೆ ಸದ್ದು ಕೇಳಿದರೆ ಪುಸ್ತಕದೊಳಗೆ ತಲೆ ತೂರಿಸುತ್ತಾನೆ. ನಿಜವಾದ ಮಕ್ಕಳು ಇರುವುದೇ ಹೀಗೆ.

ಮಾವಿನಹಣ್ಣಿನ ಲೆಕ್ಕ ನೆನಪಿದೆಯಾ? ರಾಮನ ಹತ್ತಿರ ಹತ್ತು ಮಾವಿನಹಣ್ಣು, ಅವನಿಗೆ ಬೇಕಾಗಿರುವುದು ಹದಿನೈದು ಆಣೆ. ಕೃಷ್ಣನಿಗೆ ನಾಲ್ಕೇ ಹಣ್ಣು ಸಾಕು. ಕೃಷ್ಣ ಎಷ್ಟು ಕೊಡಬೇಕು? ಅಪ್ಪನಿಗೆ ಬೇಕಾಗಿದ್ದು ಉತ್ತರ. ಸ್ವಾಮಿಗೆ ಕಾಡುವ ಪ್ರಶ್ನೆ ಬೇರೆ: ಹಣ್ಣು ಕಳಿತಿದೆಯಾ, ಇಲ್ಲ ಇನ್ನೂ ಕಾಯಾ? ವ್ಯಾಪಾರದ ದೃಷ್ಟಿಯಿಂದ ನೋಡಿದರೆ ಅವನ ಪ್ರಶ್ನೆ ಸರಿಯಾಗೇ ಇದೆ. (ಉತ್ತರ ಆರಾಣೆ. ಗೊತ್ತಾಗದವರು ಅಪ್ಪನ ಹತ್ತಿರ ಹೋಗಬಹುದು.) ಈ ಸನ್ನಿವೇಶದಲ್ಲಿ ಹುಡುಗನ ಎದುರು ಕೂತಿರುವವರು ಕಾರ್ನಾಡರು. ನಾಟಕ, ಸಿನಿಮಾ ಎಲ್ಲ ಅರೆದು ಕುಡಿದವರು. ಅಂಥವರ ಮುಂದೆ ಒಂಬತ್ತು ವರ್ಷದ ಆಸುಪಾಸಿನ ಹುಡುಗ ಗಾಬರಿಯಾದ ಹುಡುಗನಾಗಿ ಕಾಣಬೇಕು, ಗಾಬರಿಯಾದ ನಟನಾಗಿ ಕಾಣಬಾರದು. ಹೇಳುವುದು ಸುಲಭ.

ಇನ್ನೊಂದು ಅಂದರೆ, ಅವನಿಗೆ ಕೇಳಿಸಿಕೊಳ್ಳುವುದು ಬರುತ್ತಿತ್ತು. ಎದುರಿನವರು ಮಾತಾಡುವಾಗ ತನ್ನ ಸರದಿ ಯಾವಾಗ ಅಂತ ಕಾಯುವ ಮುಖ ಮಕ್ಕಳಲ್ಲಿ ತಕ್ಷಣ ಗೊತ್ತಾಗುತ್ತದೆ, ದೊಡ್ಡವರಲ್ಲೂ ಗೊತ್ತಾಗುತ್ತದೆ ಬಿಡಿ. ಸ್ವಾಮಿಯ ಮುಖದಲ್ಲಿ ಆ ಕಾಯುವಿಕೆ ಇಲ್ಲ. ಇನ್ನೊಬ್ಬ ಗೆಳೆಯ ಮಣಿ ತನ್ನ ದೊಣ್ಣೆಯ ಪ್ರತಾಪ ಹೇಳುವಾಗ ಈ ಹುಡುಗನ ಕಣ್ಣಲ್ಲಿ ಆ ದೊಣ್ಣೆ ಕಾಣುತ್ತದೆ.

ಟಿವಿ ಪಾತ್ರಕ್ಕೆ ರಾಷ್ಟ್ರಪ್ರಶಸ್ತಿ ಹೇಗೆ ಬಂತು? ಅದು ಸಿನಿಮಾಗಳಿಗೆ ತಾನೇ ಕೊಡೋದು?

ಒಳ್ಳೇ ಪ್ರಶ್ನೆ. ಸ್ವಾಮಿಯ ಕಥೆ 'ಸ್ವಾಮಿ' ಅನ್ನುವ ಹೆಸರಿನಲ್ಲಿ ಹಿಂದಿ ಸಿನಿಮಾ ರೂಪದಲ್ಲೂ ಬಂತು. 1987ರ ಸಿನಿಮಾಗಳಿಗೆ ಕೊಟ್ಟ 35ನೇ ರಾಷ್ಟ್ರೀಯ ಚಲನಚಿತ್ರ ಪ್ರಶಸ್ತಿಯಲ್ಲಿ ಅದಕ್ಕೆ ಅತ್ಯುತ್ತಮ ಮಕ್ಕಳ ಚಿತ್ರ ಪ್ರಶಸ್ತಿ, ಮಂಜುನಾಥ್‌ಗೆ ಅತ್ಯುತ್ತಮ ಬಾಲನಟ ಪ್ರಶಸ್ತಿ. ಎರಡು ವರ್ಷ ಮೊದಲು ಅದೇ ಪ್ರಶಸ್ತಿ 'ಬೆಟ್ಟದ ಹೂವು' ಚಿತ್ರಕ್ಕಾಗಿ ಮಾಸ್ಟರ್ ಲೋಹಿತ್‌ಗೆ ಬಂದಿತ್ತು. ಎರಡೇ ವರ್ಷದ ಅಂತರದಲ್ಲಿ ಕರ್ನಾಟಕದ ಇಬ್ಬರು ಹುಡುಗರು! ಇದನ್ನು ನಾವು ಅಷ್ಟಾಗಿ ಹೇಳಿಕೊಳ್ಳುವುದೇ ಇಲ್ಲ.

'ಅಗ್ನಿಪಥ್' ಸಿನಿಮಾದ ಚಿಕ್ಕ ಅಮಿತಾಭ್ ಇವರೇನಾ?

ಹೌದು, ಇವರೇ. 1990ರ ಫೆಬ್ರವರಿಯಲ್ಲಿ ಬಂದ ಮುಕುಲ್ ಆನಂದ್ ನಿರ್ದೇಶನದ ಚಿತ್ರ. ಮಾಂಡ್ವಾ ಊರಿನ ಮೇಷ್ಟ್ರ ಮಗ ವಿಜಯ್ ದೀನನಾಥ್ ಚೌಹಾಣ್‌ನ ಬಾಲ್ಯ ಮಂಜುನಾಥ್ ಅವರದು. ಇದನ್ನು ಹೇಳಿದಾಗ ತುಂಬಾ ಜನ ನಂಬುವುದಿಲ್ಲ. ಅದೇ ಹುಡುಗ, ಆದರೆ ಆ ಸ್ವಾಮಿ ಎಲ್ಲೂ ಕಾಣುವುದಿಲ್ಲ. ಸ್ವಾಮಿಯ ಕಣ್ಣಲ್ಲಿ ಭಯ ಇತ್ತು. ಇಲ್ಲಿ ಭಯ ಹೋಗಿ ಅದರ ಜಾಗದಲ್ಲಿ ಏನೋ ಗಟ್ಟಿಯಾದದ್ದು ಬಂದು ಕೂತಿದೆ.

ಆಗಿನ ಸಿನಿಮಾಗಳಲ್ಲಿ ಬಾಲನಟರಿಗೆ ಒಂದು ಖಾಯಂ ಕೆಲಸ ಇತ್ತು, ಅದನ್ನು ಸ್ವಲ್ಪ ವಿವರಿಸಬೇಕು. ಕನ್ನಡ, ತೆಲುಗು, ಹಿಂದಿ ಎಲ್ಲ ಕಡೆ ಹೊಡೆದಾಟದ ಚಿತ್ರಕ್ಕೆ ಒಂದು ಫ್ಲ್ಯಾಶ್‌ಬ್ಯಾಕ್ ಬೇಕೇ ಬೇಕು. ಅಪ್ಪನ ಕೊಲೆ ಕಣ್ಣೆದುರೇ ಆಗುತ್ತದೆ, ಅಣ್ಣತಮ್ಮಂದಿರು ಜಾತ್ರೆಯಲ್ಲಿ ಬೇರೆಯಾಗುತ್ತಾರೆ. ಹುಡುಗ ಓಡುತ್ತಾನೆ, ಕ್ಯಾಮೆರಾ ಅವನ ಕಾಲು ತೋರಿಸುತ್ತದೆ, ಕಾಲು ದೊಡ್ಡದಾಗುತ್ತದೆ, ಮೇಲೆ ನೋಡಿದರೆ ಹೀರೋ! ಸೀಟಿ ಬೀಳುವುದು ಆ ದೊಡ್ಡ ಕಾಲಿಗೆ. ಅಲ್ಲಿಯವರೆಗೆ ಓಡಿದ ಚಿಕ್ಕ ಕಾಲಿನ ಕೂಲಿ ಅಲ್ಲಿಗೇ ಮುಗಿಯಿತು. ಮಂಜುನಾಥ್ ಅವರ ವೃತ್ತಿಜೀವನದ ಒಂದು ಪಾಲು ಇಂಥ ಕೆಲಸದ್ದೇ. ರವಿಚಂದ್ರನ್ ಅವರ 'ರಣಧೀರ'ದಲ್ಲೂ ಅವರಿದ್ದಾರೆ.

ಅಗ್ನಿಪಥ್ ವಿಷಯ ಬೇರೆ ಯಾಕೆಂದರೆ, ಅಲ್ಲಿ ಇಡೀ ಸಿನಿಮಾ ನಿಂತಿರುವುದೇ ಆ ಬಾಲ್ಯದ ಮೇಲೆ. ಅಮಿತಾಭ್ ಪದೇ ಪದೇ ಪೂರ್ತಿ ಹೆಸರು, ಅಪ್ಪನ ಹೆಸರು, ಊರಿನ ಹೆಸರು ಒತ್ತಿ ಹೇಳುತ್ತಾರಲ್ಲ, ಆ ಹೆಸರುಗಳಿಗೆ ಭಾರ ಬರುವುದು ಹುಡುಗನ ಭಾಗ ನಮ್ಮ ಎದೆಗೆ ತಟ್ಟಿದ್ದರೆ ಮಾತ್ರ. ಆ ಪಾತ್ರಕ್ಕೆ ಅಮಿತಾಭ್‌ಗೆ ರಾಷ್ಟ್ರಪ್ರಶಸ್ತಿ ಬಂತು. ಅದರಲ್ಲಿ ಒಂದು ಚೂರು ಈ ಹುಡುಗನದ್ದೂ ಇದೆ ಅಂತ ನನ್ನ ಲೆಕ್ಕ.

ಅವರ ಅತ್ಯುತ್ತಮ ಕೆಲಸ ಯಾವುದು? ಸ್ವಾಮಿನೇ ತಾನೇ?

ಕರ್ನಾಟಕದಲ್ಲಿ ಕೇಳಿದರೆ ಸ್ವಾಮಿ ಅಂತಾರೆ. ಆಂಧ್ರ, ತೆಲಂಗಾಣದಲ್ಲಿ ಕೇಳಿದರೆ ಬಹುಶಃ ಬೇರೆ ಉತ್ತರ ಸಿಗುತ್ತದೆ: ಕೆ. ವಿಶ್ವನಾಥ್ ನಿರ್ದೇಶನದ 'ಸ್ವಾತಿ ಕಿರಣಂ', 1992. ಇದನ್ನು ನೋಡದೇ ಇರುವ ಕನ್ನಡಿಗರೇ ಜಾಸ್ತಿ, ಅದು ನಮ್ಮ ನಷ್ಟ.

ಕಥೆ ಇಷ್ಟು. ಅನಂತರಾಮ ಶರ್ಮ ದೊಡ್ಡ ಸಂಗೀತ ವಿದ್ವಾಂಸ. ಈ ಪಾತ್ರ ಮಮ್ಮೂಟ್ಟಿಯವರದು. ಗಂಗಾಧರಂ ಅನ್ನುವ ತುಂಟ ಹುಡುಗನಿಗೆ ಸಂಗೀತ ಹುಟ್ಟಿನಿಂದಲೇ ಬಂದಿದೆ. ತಾನು ಜೀವಮಾನವಿಡೀ ತಪಸ್ಸು ಮಾಡಿ ಪಡೆದದ್ದು ಇವನಿಗೆ ಆಟದಂತೆ ಬರುತ್ತದೆಯಲ್ಲ ಅನ್ನುವ ಉರಿ ಗುರುವಿನ ಒಳಗೆ. ಗುರುವಿನ ಹೆಂಡತಿಯಾಗಿ ರಾಧಿಕಾ, ಮಕ್ಕಳಿಲ್ಲದ ಆಕೆಗೆ ಈ ಹುಡುಗನೇ ಮಗ. ಮಲಯಾಳದ ನಟ, ತಮಿಳಿನ ನಟಿ, ಕನ್ನಡದ ಹುಡುಗ, ತೆಲುಗು ಸಿನಿಮಾ. ಈಗ ಪ್ಯಾನ್ ಇಂಡಿಯಾ ಅಂತ ಡಂಗುರ ಹೊಡೆಯುತ್ತಾರಲ್ಲ, ಆಗ ಸುಮ್ನೆ ಮಾಡ್ತಿದ್ರು.

ಮಂಜುನಾಥ್‌ಗೆ ಇಲ್ಲಿ ಹದಿನಾಲ್ಕು, ಹದಿನೈದರ ವಯಸ್ಸು. ಹುಡುಗನೂ ಅಲ್ಲದ, ಗಂಡಸೂ ಅಲ್ಲದ ಆ ಎಡವಟ್ಟು ವಯಸ್ಸೇ ಪಾತ್ರಕ್ಕೆ ಬೇಕಾಗಿತ್ತು. ಗುರುವಿನ ಹೊಟ್ಟೆಕಿಚ್ಚು ಅರ್ಥವಾಗದಷ್ಟು ಚಿಕ್ಕವನೂ ಆಗಿರಬಾರದು, ಅದನ್ನು ಎದುರಿಸುವಷ್ಟು ದೊಡ್ಡವನೂ ಆಗಿರಬಾರದು. ಸ್ವಾಮಿಯ ತುಂಟತನ ಮೊದಲರ್ಧದಲ್ಲಿ ಸಿಗುತ್ತದೆ. ಆಮೇಲೆ ಅದು ನಿಧಾನಕ್ಕೆ ಆರುತ್ತದೆ. ದೀಪದ ಎಣ್ಣೆ ಮುಗಿದ ಹಾಗೆ. ಮಮ್ಮೂಟ್ಟಿಯವರ ಎದುರು ಅವನು ಮಾತಿಲ್ಲದೆ ನಿಂತಿರುವ ಕಡೆಗಳಲ್ಲಿ ನೋಡಿ, ಏನು ಸಿನಿಮಾ ನಡೀತಿದೆ ಅಂತ ಗೊತ್ತಾಗುತ್ತದೆ.

ಆ ಚಿತ್ರದ ಹಾಡುಗಳನ್ನು ಅವರೇ ಹಾಡಿದ್ರಾ?

ಇಲ್ಲ. ಹುಡುಗನ ದನಿ ವಾಣಿ ಜಯರಾಂ ಅವರದು, ಸಂಗೀತ ಕೆ.ವಿ. ಮಹದೇವನ್. 'ಆನತಿನೀಯರಾ' ಹಾಡಿಗೆ ವಾಣಿಯವರಿಗೆ ರಾಷ್ಟ್ರಪ್ರಶಸ್ತಿ ಬಂತು. ಆದರೆ ಶಾಸ್ತ್ರೀಯ ಹಾಡಿಗೆ ತುಟಿ ಹೊಂದಿಸುವುದು ಡ್ಯುಯೆಟ್ ಹಾಡಿದ ಹಾಗಲ್ಲ. ಉಸಿರು ಎಲ್ಲಿ ತೆಗೆದುಕೊಳ್ಳಬೇಕು, ತಾಳದ ಕೈ ಎಲ್ಲಿ ಬೀಳಬೇಕು, ಸಂಗತಿ (ಒಂದೇ ಸಾಲನ್ನು ಬೇರೆ ಬೇರೆ ರೀತಿ ಹಾಡುವುದು) ತಿರುಗುವಾಗ ಕುತ್ತಿಗೆ ಎಷ್ಟು ಬಿಗಿಯಬೇಕು, ಎಲ್ಲ ಸರಿ ಕೂರಬೇಕು. ಇವರು ಹಾಡುತ್ತಿದ್ದಾರೆ ಅಂತಲೇ ನಾನು ತುಂಬಾ ದಿನ ನಂಬಿದ್ದೆ.

ಒಟ್ಟು ಎಷ್ಟು ಸಿನಿಮಾ?

68 ಅನ್ನುವ ಲೆಕ್ಕ ಎಲ್ಲ ಕಡೆ ಬರುತ್ತದೆ. ಕನ್ನಡ, ತೆಲುಗು, ಹಿಂದಿ ಎಲ್ಲ ಸೇರಿ.

ಇಷ್ಟೆಲ್ಲ ಇದ್ದೂ ನಟನೆ ಯಾಕೆ ಬಿಟ್ರು?

ಓದುವುದಕ್ಕೆ. ಅಷ್ಟೇ. ಈ ಉತ್ತರ ಹೇಳಿದಾಗ ಕೇಳಿದವರ ಮುಖದಲ್ಲಿ ಒಂದು ನಿರಾಸೆ ಕಾಣುತ್ತದೆ. ಏನೋ ದುರಂತ ಇರಬೇಕು, ಯಾರೋ ತುಳಿದಿರಬೇಕು, ದುಡ್ಡು ಮುಳುಗಿರಬೇಕು ಅಂತ ಅವರು ಕಾಯುತ್ತಿರುತ್ತಾರೆ. ಹಾಗೇನೂ ಇಲ್ಲ. ಇಂಗ್ಲಿಷ್ ಸಾಹಿತ್ಯದಲ್ಲಿ ಎಂ.ಎ. ಮಾಡಿದರು, ಛಾಯಾಗ್ರಹಣದಲ್ಲಿ ಡಿಪ್ಲೊಮಾ ಮಾಡಿದರು. ಇಂಗ್ಲಿಷಿನಲ್ಲಿ ಬರೆದ ನಾರಾಯಣ್ ಅವರ ಹುಡುಗ ಇಂಗ್ಲಿಷ್ ಎಂ.ಎ. ಮಾಡಿದ ಅನ್ನೋದು ನನಗೆ ಯಾವಾಗಲೂ ಖುಷಿ ಕೊಡುವ ಸಂಗತಿ. ಸ್ವಾಮಿಗೆ ಪರೀಕ್ಷೆ ಅಂದ್ರೆ ಜ್ವರ ಬರ್ತಿತ್ತಲ್ಲ!

ಬಾಲನಟರ ಪಾಡು ಒಂದಿಷ್ಟು ಹೇಳುತ್ತೇನೆ, ಇದು ಮಂಜುನಾಥ್ ಒಬ್ಬರದೇ ಕಥೆ ಅಲ್ಲ. ಹದಿಮೂರರಿಂದ ಹತ್ತೊಂಬತ್ತರವರೆಗೆ ಸಿನಿಮಾದಲ್ಲಿ ಪಾತ್ರಗಳೇ ಇರುವುದಿಲ್ಲ. ದನಿ ಒಡೆಯುತ್ತದೆ, ಮೀಸೆ ಚಿಗುರುತ್ತದೆ. ಹೀರೋ ಆಗುವುದಕ್ಕೆ ಚಿಕ್ಕವನು, ಹೀರೋನ ಬಾಲ್ಯಕ್ಕೆ ದೊಡ್ಡವನು. ಪುನೀತ್ ಈ ಕಾಲವನ್ನು ಕಾದು ಕಳೆದು 2002ರಲ್ಲಿ 'ಅಪ್ಪು' ಆಗಿ ಬಂದರು. 'ಚಿನ್ನಾರಿ ಮುತ್ತ'ನಾಗಿದ್ದ ವಿಜಯ್ ರಾಘವೇಂದ್ರ ಕೂಡ ಮುಂದೆ ಹೀರೋ ಆದರು. ಇಬ್ಬರ ಹಿಂದೆಯೂ ಸಿನಿಮಾದ ಮನೆತನ ಇತ್ತು, ಕಾಯುವುದಕ್ಕೆ ನೆರಳಿತ್ತು. ಮಾಸ್ಟರ್ ಆನಂದ್ ಟಿವಿಯಲ್ಲಿ ಜಾಗ ಮಾಡಿಕೊಂಡರು. ಮಂಜುನಾಥ್ ಕಾಯುವ ಸಾಲಿನಲ್ಲೇ ನಿಲ್ಲಲಿಲ್ಲ. ಇದನ್ನು 'ಕಣ್ಮರೆಯಾದ ಪ್ರತಿಭೆ' ಅಂತ ಬರೆಯುವುದನ್ನು ಓದಿದಾಗ ನನಗೆ ಕಿರಿಕಿರಿ ಆಗುತ್ತದೆ. ಬ್ಯಾಂಕಿನಲ್ಲಿ ಹದಿನಾರು ವರ್ಷ ಕೆಲಸ ಮಾಡಿ ಬಿಟ್ಟವರನ್ನು ಯಾರಾದರೂ ಕಣ್ಮರೆಯಾದರು ಅಂತಾರಾ?

ಶಂಕರ್ ನಾಗ್ ತೀರಿಕೊಂಡಿದ್ದರಿಂದ ಬಿಟ್ರು ಅಂತಾರಲ್ಲ?

ದಿನಾಂಕಗಳನ್ನು ನೋಡಿದರೆ ಅದು ಕೂಡುವುದಿಲ್ಲ. ಶಂಕರ್ ನಾಗ್ ದಾವಣಗೆರೆ ಹತ್ತಿರ ಅಪಘಾತದಲ್ಲಿ ತೀರಿಕೊಂಡಿದ್ದು 1990ರ ಸೆಪ್ಟೆಂಬರ್ 30ರಂದು. ಮಂಜುನಾಥ್‌ಗೆ ಆಗ ಹದಿಮೂರು. ಸ್ವಾತಿ ಕಿರಣಂ ಬಂದಿದ್ದು ಅದಾದ ಮೇಲೆ. ತನ್ನನ್ನು ಸ್ವಾಮಿ ಮಾಡಿದ ನಿರ್ದೇಶಕ ಮೂವತ್ತೈದಕ್ಕೇ ಹೋಗಿದ್ದು ಆ ಹುಡುಗನಿಗೆ ಸಣ್ಣ ಪೆಟ್ಟಾಗಿರಲಾರದು. ಆದರೆ ನಟನೆ ಅಲ್ಲಿಗೆ ನಿಲ್ಲಲಿಲ್ಲ.

ಈಗ ಏನು ಮಾಡ್ತಿದ್ದಾರೆ?

ಬೆಂಗಳೂರಿನಲ್ಲಿ ಸಾರ್ವಜನಿಕ ಸಂಪರ್ಕ ಕ್ಷೇತ್ರಕ್ಕೆ ಹೋದರು. ಬೆಂಗಳೂರು–ಮೈಸೂರು ಕಾರಿಡಾರ್ ಯೋಜನೆಗೂ ಕೆಲಸ ಮಾಡಿದ್ದಾರೆ. ಅದಕ್ಕಿಂತ ಜಾಸ್ತಿ ಇಲ್ಲಿ ಬರೆಯುವುದಿಲ್ಲ. ಮನೆ, ಫೋನ್ ನಂಬರ್ ಕೇಳುವವರು ದಯವಿಟ್ಟು ಕೇಳಬೇಡಿ.

ಮಕ್ಕಳನ್ನು ಹೀಗೆ ದುಡಿಸುವುದಕ್ಕೆ ನಿಯಮ ಇರಲಿಲ್ವಾ?

ಈಗಿರುವಂಥ ನಿಯಮ ಆಗ ಇರಲಿಲ್ಲ. ಬಾಲಕಾರ್ಮಿಕ ಕಾಯ್ದೆಗೆ 2016ರಲ್ಲಿ ತಿದ್ದುಪಡಿ ಬಂತು, 2017ರಲ್ಲಿ ನಿಯಮಗಳು ಬಂದವು. ಅದರ ಪ್ರಕಾರ ಬಾಲಕಲಾವಿದರಿಗೆ ದಿನಕ್ಕೆ ಐದು ಗಂಟೆಗಿಂತ ಹೆಚ್ಚು ಕೆಲಸ ಕೊಡಬಾರದು, ಬಿಡುವಿಲ್ಲದೆ ಮೂರು ಗಂಟೆ ದಾಟಬಾರದು, ಸತತ 27 ದಿನಕ್ಕಿಂತ ಜಾಸ್ತಿ ದುಡಿಸಬಾರದು. ಜಿಲ್ಲಾಧಿಕಾರಿಗಳ ಅನುಮತಿ ಬೇಕು. ಸಂಪಾದನೆಯಲ್ಲಿ ಕನಿಷ್ಠ 20 ಪರ್ಸೆಂಟ್ ಮಗುವಿನ ಹೆಸರಲ್ಲೇ ಬ್ಯಾಂಕಿನಲ್ಲಿ ಠೇವಣಿ ಇಡಬೇಕು. ಮಗುವನ್ನು ರಿಯಾಲಿಟಿ ಶೋಗೆ ಕರೆದುಕೊಂಡು ಹೋಗುವ ಅಪ್ಪ ಅಮ್ಮಂದಿರು ಈ ಕೊನೆಯದನ್ನು ಮೊದಲು ಓದಲಿ.

2020ರ ಕನ್ನಡ ಸಿನಿಮಾ 'ಮಾಲ್ಗುಡಿ ಡೇಸ್'ನಲ್ಲಿ ಇವರಿದ್ದಾರಾ?

ಅದು ವಿಜಯ್ ರಾಘವೇಂದ್ರ ಅವರ ಸಿನಿಮಾ. ಹೆಸರು ಒಂದೇ, ಕಥೆ ಬೇರೆ. ಡಬ್ ಆದ ಹಳೇ ಧಾರಾವಾಹಿಯೂ ಅದೇ ವರ್ಷ ಬಂದಿದ್ದರಿಂದ ಗೊಂದಲ ಇನ್ನೂ ಜಾಸ್ತಿಯಾಯಿತು.

ನಾನು ಅವರ ಕೆಲಸ ಏನೂ ನೋಡಿಲ್ಲ. ಎಲ್ಲಿಂದ ಶುರು ಮಾಡಲಿ?

ಸ್ವಾಮಿಯ ಕಂತುಗಳಿಂದಲೇ. ಆಗಲೇ ನೋಡಿದವರು ಈ ಸಲ ಹುಡುಗ ಮಾತಾಡದೇ ಇರುವ ಕಡೆ ಗಮನ ಕೊಟ್ಟು ನೋಡಿ. ರಾಜಂ ಊರು ಬಿಟ್ಟು ಹೋಗುವ ಕೊನೆಯ ಭಾಗಕ್ಕೆ ಬಂದಾಗ ಪಕ್ಕದಲ್ಲಿ ಮಕ್ಕಳನ್ನು ಕೂರಿಸಿಕೊಳ್ಳಿ. ಅವರು "ಯಾಕೆ ಅಳ್ತಿದೀಯಾ" ಅಂತ ಕೇಳಿದರೆ ಕಣ್ಣಿಗೆ ಧೂಳು ಬಿತ್ತು ಅನ್ನಿ. ಆಮೇಲೆ ಅಗ್ನಿಪಥ್‌ನ ಮೊದಲ ಭಾಗ. ಸ್ವಾತಿ ಕಿರಣಂ ಕೊನೆಗಿಟ್ಟುಕೊಳ್ಳಿ, ತೆಲುಗು ಬರದಿದ್ದರೂ ಪರವಾಗಿಲ್ಲ. ಮಲಗುವ ಮುಂಚೆ ಮಾತ್ರ ಬೇಡ, ಅದರ ಕೊನೆ ನಿದ್ದೆ ಬಿಡಿಸುತ್ತದೆ. ಭಾನುವಾರ ಮಧ್ಯಾಹ್ನ, ಊಟ ಆದಮೇಲೆ ನೋಡಿ.